ಐವತ್ತಾರು ದೇಶಗಳ ಪೀಠ, ಡೊಂಬಿವಲಿ ಪೂರ್ವ

ವಾದದಲ್ಲಿ ನಮ್ಮ ದೊಡ್ಡಪ್ಪ ಸೋತದ್ದನ್ನು ನೋಡಿದವರು ನಮ್ಮ ಸಂಬಂಧಿಕರಲ್ಲಿ ಯಾರೂ ಇರಲಿಲ್ಲ. ಅಪ್ಪನ ಅಣ್ಣನಾದ ಅವರದು ನೆರೂಳಿನಲ್ಲಿ ಒಂದು ಸಸ್ಯಾಹಾರಿ ಹೋಟೆಲು. ಗಲ್ಲೆಯ ಹಿಂದೆ ಎತ್ತರದ ಕುರ್ಚಿ, ಕುರ್ಚಿಯ ಮೇಲೆ ಮಡಚಿದ ಟವೆಲು, ಟವೆಲಿನ ಮೇಲೆ ದೊಡ್ಡಪ್ಪ. ಸಾಂಬಾರಿಗೆ ಉಪ್ಪು ಹೆಚ್ಚಾಗಿದೆ ಎಂದು ದೂರಲು ಬಂದ ಗಿರಾಕಿಯೊಬ್ಬ, ಹೆಚ್ಚಾಗಿರುವುದು ಸಾಂಬಾರಿಗಲ್ಲ, ತನ್ನ ನಾಲಗೆಗೆ ಎಂದು ಒಪ್ಪಿಕೊಂಡು, ಇನ್ನೊಂದು ಬಟ್ಟಲು ಹಾಕಿಸಿಕೊಂಡದ್ದನ್ನು ನಾನು ಕಣ್ಣಾರೆ ಕಂಡಿದ್ದೇನೆ.

ಪ್ರತಿದಿನ ಬೆಳಿಗ್ಗೆ ಅವರು ಮೊದಲ ಚಹಾವನ್ನು ಯಾರಿಗೂ ಕೊಡದೆ ಹೋಟೆಲಿನ ಮುಂದಿನ ನೆಲಕ್ಕೆ ಚೆಲ್ಲುತ್ತಾರೆ. ಆಮೇಲೆಯೇ ವ್ಯಾಪಾರ. ಏಕೆ ಎಂದು ಚಿಕ್ಕವಳಿದ್ದಾಗ ಕೇಳಿದ್ದೆ. "ಚೆಲ್ಲದೆ ನೋಡು, ಗೊತ್ತಾಗ್ತದೆ" ಅಂದಿದ್ದರು. ಚೆಲ್ಲದೆ ನೋಡುವ ಧೈರ್ಯ ಅವರಿಗೂ ಇರಲಿಲ್ಲ. ಹಾಗಾಗಿ ಆ ವಾದದಲ್ಲೂ ಅವರೇ ಗೆದ್ದಂತೆ.

ತಿಂಗಳಿಗೊಂದು ಭಾನುವಾರ ಅವರು ಕುರ್ಚಿಯನ್ನು ಮಗನಿಗೆ ಒಪ್ಪಿಸಿ ಡೊಂಬಿವಲಿಗೆ ಬರುತ್ತಾರೆ, ತಾಳಮದ್ದಳೆಗೆ. ಅದರಲ್ಲಿ ವೇಷವಿಲ್ಲ, ಕುಣಿತವಿಲ್ಲ. ಭಾಗವತರು ಪದ್ಯ ಹಾಡುತ್ತಾರೆ, ಮದ್ದಳೆ ನುಡಿಯುತ್ತದೆ, ಕೂತವರು ತಮ್ಮ ತಮ್ಮ ಪಾತ್ರವಾಗಿ ಆ ಪದ್ಯಕ್ಕೆ ಮಾತಿನಲ್ಲಿ ಅರ್ಥ ಹೇಳುತ್ತಾರೆ. ಮಾತನ್ನು ಯಾರೂ ಬರೆದುಕೊಡುವುದಿಲ್ಲ, ಅಲ್ಲೇ ಹುಟ್ಟಬೇಕು. ಒಂದೇ ಒಂದು ಇಂಗ್ಲಿಷ್ ಶಬ್ದ ನುಸುಳಿದರೂ ಮರ್ಯಾದೆ ಹೋಯಿತು. ಇಬ್ಬರು ಎದುರುಬದುರು ಕೂತು ವಾದಿಸುತ್ತಾರೆ. ಕಥೆಯಲ್ಲಿ ಸೋಲಬೇಕಾದವನು ಕಡೆಗೆ ಸೋಲಲೇಬೇಕು. ದೊಡ್ಡಪ್ಪನಿಗೆ ಒಪ್ಪಿಗೆಯಿಲ್ಲದ್ದು ಈ ಕೊನೆಯ ನಿಯಮ ಮಾತ್ರ. ಅವರು ದುಷ್ಟ ರಾಜನಾದ ದಿನ, ಸಂಧಾನಕ್ಕೆ ಬಂದ ರಾಯಭಾರಿ ಅವರ ಕ್ಷಮೆ ಕೇಳಿ ಹೋಗುವುದೊಂದು ಬಾಕಿ ಇರುತ್ತದೆ.

ಅಮ್ಮ ವಿಜಯಪುರದ ಕಡೆಯವಳು, ಅಪ್ಪ ಉಡುಪಿಯವರು. ಇಬ್ಬರೂ ಕಲ್ಯಾಣದ ಒಂದು ಕಚೇರಿಯಲ್ಲಿ ಪರಿಚಯವಾದವರು ಎಂಬುದಕ್ಕಿಂತ ಹೆಚ್ಚಿನದನ್ನು ನಾನು ಕೇಳಿಲ್ಲ, ಅವರೂ ಹೇಳಿಲ್ಲ. ಈಗ ಅಮ್ಮ ಠಾಣೆಯಲ್ಲಿ ಕಣ್ಣಿನ ಡಾಕ್ಟರೊಬ್ಬರ ದವಾಖಾನೆಯಲ್ಲಿ ಕೆಲಸ ಮಾಡುತ್ತಾಳೆ. ಬಂದವರ ಕಣ್ಣಿಗೆ ಹನಿ ಹಾಕಿ, ಕಣ್ಣು ಮುಚ್ಚಿಸಿ, ಸಾಲಾಗಿ ಕೂರಿಸುವುದು ಅವಳ ಕೆಲಸ. ಅಷ್ಟು ಜನ ಕಣ್ಣು ಮುಚ್ಚಿಕೊಂಡು ಅವಳ ಮಾತಿಗೆ ಕಾಯುತ್ತಾರೆ. ಆದರೆ ತಾಳಮದ್ದಳೆಯ ಕೂಟದಲ್ಲಿ ಅವಳ ಜಾಗ ಇದ್ದದ್ದು ಸಭಾಂಗಣದ ಹಿಂದೆ, ಚಹಾದ ಥರ್ಮಾಸು ಮತ್ತು ಉಪ್ಪಿಟ್ಟಿನ ಡಬರಿಯ ಪಕ್ಕದಲ್ಲಿ. ವರ್ಷಗಟ್ಟಲೆ ಅಲ್ಲಿಂದಲೇ ಕೇಳಿ ಕೇಳಿ ಅವಳಿಗೆ ಆಸೆ ಹುಟ್ಟಿತು. ತಾನೂ ಕೂತು ಒಂದು ಅರ್ಥ ಹೇಳಬೇಕು.

ಒಮ್ಮೆ ಕೊಟ್ಟರು, ದೂತನ ಅರ್ಥ. ದೂತ ಬಂದು "ಶತ್ರುಸೈನ್ಯ ಸಮೀಪಿಸಿದೆ, ಪ್ರಭೂ" ಎಂದು ಹೇಳಿ ಹೋದರೆ ಆಯಿತು. ಅಂದು ರಾಜ ದೊಡ್ಡಪ್ಪ. ಅವರು ದೂತನನ್ನು ಹೋಗಲು ಬಿಡಲಿಲ್ಲ. ಸೈನ್ಯದಲ್ಲಿ ಆನೆ ಎಷ್ಟು, ಆನೆಗಳು ದಣಿದಿದ್ದವೋ ಇಲ್ಲವೋ, ದಣಿದಿರಲಿಲ್ಲ ಎಂದಾದರೆ ಅಷ್ಟು ಹತ್ತಿರ ಹೋಗಿ ನೋಡಿದ ನೀನು ಅವರ ಕಡೆಯವನೇ ಅಲ್ಲ ಎಂಬುದಕ್ಕೆ ಸಾಕ್ಷಿ ಏನು ಎಂದು ಕೇಳುತ್ತಾ ಹೋದರು. "ದೂತನ ನಾಲಗೆಯನ್ನು ಶತ್ರುಗಳು ಈಗಾಗಲೇ ಸೆರೆಹಿಡಿದಂತಿದೆ" ಎಂದು ದೊಡ್ಡಪ್ಪ ಮುಗಿಸಿದಾಗ ಇಡೀ ಸಭೆ ನಕ್ಕಿತು. ಅಮ್ಮ ಎದ್ದು ಹೋಗಿ ಚಹಾ ಬಗ್ಗಿಸಿದಳು.

ಮುಂದಿನ ಚೌತಿಗೆ ನಾವೆಲ್ಲ ನೆರೂಳಿನ ದೊಡ್ಡಪ್ಪನ ಮನೆಯಲ್ಲಿ ಊಟಕ್ಕೆ ಕೂತಿದ್ದೆವು. ಭಾಗವತರೂ ಇದ್ದರು. ಬ್ಯಾಂಕಿನಿಂದ ನಿವೃತ್ತರಾದ, ಯಾರಿಗೂ ಇಲ್ಲ ಎನ್ನಲಾರದ ಮನುಷ್ಯ. ಪಾಯಸ ಬರುವ ಹೊತ್ತಿಗೆ ಅಮ್ಮ ಮಾತು ತೆಗೆದಳು.

"ಭಾವಾರ, ನನಗೊಂದು ಅರ್ಥ ಕೊಡ್ರಿ. ದೂತಂದು ಬ್ಯಾಡ."

"ಎಂತಕ್ಕೆ? ದೂತ ಚಂದ ಆಗಿತ್ತಲ್ಲ. ಮಾತು ಕಡಿಮೆ."

"ಮಾತಾಡಾಕ ನೀವೆಲ್ಲಿ ಬಿಟ್ರಿ?"

"ಬಿಡುವುದಲ್ಲ ಮಾರಾಯ್ತಿ, ತಕ್ಕೊಳ್ಳುವುದು. ಕೂಟದಲ್ಲಿ ಮಾತನ್ನು ಯಾರೂ ಬಡಿಸುವುದಿಲ್ಲ. ಮತ್ತೆ ನಿನ್ನದು ಘಟ್ಟದ ಮೇಲಿನ ನಾಲಗೆ. ರೊಟ್ಟಿ ತಟ್ಟಿದ ಹಾಗೆ ಮಾತಾಡಿದ್ರೆ ಬೇರೆ ಮದ್ದಳೆಯೇ ಬೇಡ."

ದೊಡ್ಡಮ್ಮ ಅನ್ನದ ಪಾತ್ರೆ ಹಿಡಿದು ನಿಂತವರು, "ನಿಮ್ಮ ಮಾತಿಗೆ ಮದ್ದಳೆ ಬೇಕಾ? ನಾನು ಇಷ್ಟು ವರ್ಷ ಮದ್ದಳೆ ಇಲ್ಲದೆಯೇ ಕೇಳ್ತಾ ಇಲ್ವಾ?" ಅಂದರು.

ಅಮ್ಮ ಇದನ್ನೆಲ್ಲ ಮೊದಲೇ ಯೋಚಿಸಿಕೊಂಡು ಬಂದಿದ್ದಳು. "ಪುರಾಣ ತಗೊಂಡ್ರ ನಿಮಗ ಎಲ್ಲಾ ಬಾಯಿಪಾಠ ಅದ, ನನಗಿಲ್ಲ. ಅದಕ್ಕ ಹೊಸಾ ಪ್ರಸಂಗ ಮಾಡೋಣ್ರಿ. ನಿಮಗೂ ಗೊತ್ತಿರಬಾರದು, ನನಗೂ ಗೊತ್ತಿರಬಾರದು. ನಮ್ಮ ಮಗಳು ಬರೀತಾಳ. ರಾಜ್ಯಶಾಸ್ತ್ರ ಓದ್ಯಾಳಲ್ಲ."

ನಾನು ಪಾಯಸ ಕುಡಿಯುತ್ತಿದ್ದೆ. ಯಾರೂ ನನ್ನನ್ನು ಕೇಳಲಿಲ್ಲ.

"ಕಥೆ ಅವಳು ಹೇಳಿದ್ರೆ ಪದ್ಯ ನಾನು ಕಟ್ತೇನೆ" ಎಂದರು ಭಾಗವತರು, ಇಲ್ಲ ಎನ್ನಲಾರದೆ.

ದೊಡ್ಡಪ್ಪ ಎಲೆ ಮಡಚಿದರು. "ಆಯ್ತು. ಅದರಲ್ಲಿ ನನಗೊಂದು ದೊಡ್ಡ ಪೀಠ ಇರಲಿ. ಇವಳು ನನ್ನನ್ನು ಆ ಪೀಠದಿಂದ ಎಬ್ಬಿಸಿದ್ರೆ ಮುಂದಿನ ಎಲ್ಲಾ ಕೂಟದಲ್ಲಿ ಇವಳಿಗೊಂದು ಅರ್ಥ. ಎಬ್ಬಿಸದಿದ್ರೆ ಚಹಾ–ಉಪ್ಪಿಟ್ಟು ಎಂದಿನ ಹಾಗೆ. ಮತ್ತೆ ಕೇಳುವ ಹಾಗಿಲ್ಲ. ಆದೀತಾ?"

"ಆತ್ರಿ" ಎಂದಳು ಅಮ್ಮ.

ಅಪ್ಪ "ನಾನು ಯಾರ ಕಡೆಯೂ ಇಲ್ಲ" ಎಂದು ಕೈತೊಳೆಯಲು ಎದ್ದರು.

ನಾನು ಓದಿದ್ದು ರಾಜ್ಯಶಾಸ್ತ್ರವಾದರೂ ಐರೋಲಿಯ ಕಚೇರಿಯಲ್ಲಿ ಮಾಡುವುದು ಸಾಫ್ಟ್‌ವೇರನ್ನು ಹೇಗೆ ಬಳಸಬೇಕು ಎಂದು ಬರೆಯುವ ಕೆಲಸ. ಮೊದಲು ಇಲ್ಲಿ ಒತ್ತಿ, ಆಮೇಲೆ ಅಲ್ಲಿ ಒತ್ತಿ, ತಪ್ಪಿದರೆ ಮೊದಲಿನಿಂದ ಆರಂಭಿಸಿ. ಹೀಗೇಕೆ ಎಂದು ಯಾರೂ ಕೇಳುವುದಿಲ್ಲ, ನಾನೂ ಬರೆಯುವುದಿಲ್ಲ. ಓದಿದ್ದನ್ನೂ ಮಾಡುವುದನ್ನೂ ಒಟ್ಟಿಗೆ ಇಟ್ಟು ನೋಡಿದಾಗ ನನಗೆ ಒಂದು ಗುರುಕುಲ ಕಾಣಿಸಿತು.

ಅದಕ್ಕೆ ಕ್ರಿಯಾಪೀಠ ಎಂದು ಹೆಸರಿಟ್ಟೆ. ಒಂದು ಬೆಟ್ಟದ ಮೇಲಿದೆ. ಐವತ್ತಾರು ದೇಶಗಳ ರಾಜಕುಮಾರರು ಅಲ್ಲಿಗೆ ಕಲಿಯಲು ಬರುತ್ತಾರೆ. ಅವರಿಗೆ ಅಲ್ಲಿ ಕತ್ತಿವರಸೆ ಹೇಳಿಕೊಡುವುದಿಲ್ಲ, ಲೆಕ್ಕ ಹೇಳಿಕೊಡುವುದಿಲ್ಲ. ದೇಶ ಆಳುವ ಮಾಂತ್ರಿಕ ವಿಧಿಗಳನ್ನು ಮಾತ್ರ ಹೇಳಿಕೊಡುತ್ತಾರೆ. ಅರಸ ಬೆಳಿಗ್ಗೆ ಶಂಖ ಊದಿ ಅದನ್ನು ಮಗುಚಿ ಇಟ್ಟರೆ ಕಳ್ಳರಿಗೆ ದಿನವಿಡೀ ನಿದ್ದೆ. ಗಡಿಯ ಉದ್ದಕ್ಕೂ ಅರಿಶಿನ ನೀರಿನ ಗೆರೆ ಎಳೆದರೆ, ಅದನ್ನು ದಾಟಿದ ಶತ್ರುವಿಗೆ ತಾನು ಬಂದದ್ದು ಏಕೆಂದು ಮರೆತುಹೋಗುತ್ತದೆ. ತೆರಿಗೆ ಕೊಡದ ಊರಿಗೆ ಬೆನ್ನುಹಾಕಿ ಕೂತು ಅರಸ ಮಜ್ಜಿಗೆ ಕುಡಿದರೆ, ಇಡೀ ಊರಿಗೆ ಬಿಕ್ಕಳಿಕೆ. ಕೊಟ್ಟ ಮೇಲೆ ನಿಲ್ಲುತ್ತದೆ. ಎಲ್ಲಕ್ಕಿಂತ ದೊಡ್ಡ ವಿಧಿ ಆಚಾರ್ಯರದು. ಅವರು ಪೀಠದಿಂದ ಏಳುವುದಿಲ್ಲ. ಅವರು ಕೂತಿರುವಷ್ಟು ಕಾಲ ಐವತ್ತಾರು ದೇಶಗಳೂ ಅಲುಗುವುದಿಲ್ಲ.

ಅಲ್ಲಿಗೆ ಉಪ್ಪು ಮಾರುವ ಹೆಂಗಸೊಬ್ಬಳು ಬರುತ್ತಾಳೆ. ಗಡಿಯ ಗೆರೆ ಅವಳ ಮನೆಗೂ ಸಂತೆಗೂ ನಡುವೆ ಬಿದ್ದಿದೆ. ಅವಳು ವಾದಿಸುತ್ತಾಳೆ, ಆಚಾರ್ಯರು ಸೋಲುತ್ತಾರೆ, ಪೀಠದಿಂದ ಏಳುತ್ತಾರೆ. ಗುರುಕುಲ ಮುಚ್ಚುತ್ತದೆ. ದೇಶಗಳಿಗೆ ಏನೂ ಆಗುವುದಿಲ್ಲ. ಜನ ಎಂದಿನಂತೆ ಕೆಲಸಕ್ಕೆ ಹೋಗುತ್ತಾರೆ. ಇಷ್ಟು ಕಥೆ. ಭಾಗವತರಿಗೆ ತುಂಬಾ ಹಿಡಿಸಿತು, ಪದ್ಯಗಳನ್ನೂ ಕಟ್ಟಿದರು. ನನ್ನ ಹೆಸರನ್ನು ಎಲ್ಲೂ ಹೇಳಬಾರದು ಎಂದು ಮಾತ್ರ ಅವರಲ್ಲಿ ಕೇಳಿಕೊಂಡೆ.

ನಾನು ಎಣಿಸದೇ ಇದ್ದದ್ದು, ದೊಡ್ಡಪ್ಪ ಈ ವಿಧಿಗಳನ್ನು ಇಷ್ಟು ಮನಸ್ಸಿಗೆ ಹಚ್ಚಿಕೊಳ್ಳುತ್ತಾರೆ ಎಂದು. ಬೆಳಿಗ್ಗೆ ನಾನು ಠಾಣೆಯಲ್ಲಿ ಐರೋಲಿಯ ರೈಲು ಹತ್ತಿ ನಿಂತ ಹೊತ್ತಿಗೆ ಸರಿಯಾಗಿ ಅವರ ಫೋನು ಬರುತ್ತಿತ್ತು. ರೈಲಿನಲ್ಲಿ ಫೋನಿನಲ್ಲಿ ಮಾತಾಡುವುದು ನನಗೆ ಇಷ್ಟವಿಲ್ಲ. ಬಿಕ್ಕಳಿಕೆಯ ಬಗ್ಗೆಯಂತೂ ಇಲ್ಲವೇ ಇಲ್ಲ.

"ಮಗಳೇ, ಆ ಬಿಕ್ಕಳಿಕೆ ಇಡೀ ಊರಿಗೋ, ಯಜಮಾನರಿಗೆ ಮಾತ್ರವೋ?"

"ಇಡೀ ಊರಿಗೆ, ದೊಡ್ಡಪ್ಪ."

"ತೊಟ್ಟಿಲ ಮಕ್ಕಳಿಗೂ? ಪಾಪ ಅಲ್ವಾ? ಅವು ಎಂತ ತೆರಿಗೆ ಕೊಡ್ತಾವೆ? ಮಕ್ಕಳಿಗೆ ವಿನಾಯಿತಿ ಹಾಕು."

"ಹಾಕ್ತೇನೆ."

"ಮತ್ತೆ ಅರಿಶಿನದ ಗೆರೆ ಮಳೆಗೆ ತೊಳೆದು ಹೋದ್ರೆ?"

"ಮಳೆಗಾಲದಲ್ಲಿ ಯುದ್ಧ ಇರೂದಿಲ್ಲ."

"ಹಾಂ, ಇದು ಸರಿ. ಶಂಖ ಯಾವ ದಿಕ್ಕಿಗೆ?"

ನಾನು ದಿಕ್ಕು ಬರೆದಿರಲಿಲ್ಲ. "ಪೂರ್ವಕ್ಕೆ" ಎಂದೆ, ಸುಮ್ಮನೆ. ಅವರು ಸ್ವಲ್ಪ ಯೋಚಿಸಿ, ಪೂರ್ವಕ್ಕೆ ಊದಿದರೆ ಕಳ್ಳರೆಲ್ಲ ಪಶ್ಚಿಮಕ್ಕೆ ಸರಿದುಬಿಡುತ್ತಾರೆ, ನಾಲ್ಕೂ ದಿಕ್ಕಿಗೆ ಊದಿ ನಡುವಿನಲ್ಲಿ ಮಗುಚಬೇಕು ಎಂದು ತಿದ್ದಿದರು. ಪಕ್ಕದಲ್ಲಿ ನಿಂತ ಹುಡುಗಿ ಕಿವಿಯಿಂದ ಇಯರ್‌ಫೋನ್ ತೆಗೆದು ನನ್ನನ್ನು ನೋಡಿದಳು. ಅವಳಿಗೆ ಕನ್ನಡ ಬರುತ್ತಿತ್ತು ಎಂದು ನನಗೆ ಅನುಮಾನ.

ಮನೆಯಲ್ಲಿ ಅಮ್ಮನ ಅಭ್ಯಾಸ ಬೆಳಿಗ್ಗೆ ಚಪಾತಿ ಲಟ್ಟಿಸುವಾಗ ನಡೆಯುತ್ತಿತ್ತು. ನಾನು ಆಚಾರ್ಯ, ಅವಳು ಉಪ್ಪಿನವಳು. ನನಗೆ ವಾದ ಮುಂದುವರಿಸುವ ಸ್ವಭಾವವಿಲ್ಲ. ಅವಳು ಎರಡು ಪ್ರಶ್ನೆ ಕೇಳಿದರೆ ಸೋತುಬಿಡುತ್ತಿದ್ದೆ.

"ಇಷ್ಟು ಲಗೂ ಸೋಲಬ್ಯಾಡವಾ! ನಿಮ್ಮ ದೊಡ್ಡಪ್ಪ ಹಿಂಗ ಸೋಲ್ತಾರೇನು?"

"ಅಮ್ಮ, ನಂಗೆ ಹೊತ್ತಾಯ್ತು."

"ನೋಡು, ಹಿಂಗ ಅಂದ್ರ ನಡೀತದ. ಆಚಾರ್ಯರ, ನಿಮಗ ಹೊತ್ತಾಗಿಲ್ಲೇನು ಅಂತ ಕೇಳ್ಲೇನು?"

ಅವಳ ವಿಜಯಪುರದ ಮಾತನ್ನು ಗ್ರಂಥದ ಕನ್ನಡಕ್ಕೆ ತಿರುಗಿಸುವುದು ನನ್ನ ಇನ್ನೊಂದು ಕೆಲಸ. ಅವಳು ಅದನ್ನು ಗಟ್ಟಿಯಾಗಿ ಹೇಳಿಕೊಳ್ಳುತ್ತಾ ಡಬ್ಬಿ ಕಟ್ಟುತ್ತಿದ್ದಳು. ಅಪ್ಪ ಪೇಪರಿನ ಹಿಂದೆ ಯಾರ ಕಡೆಯೂ ಇಲ್ಲದೆ ಕೂತಿರುತ್ತಿದ್ದರು.

ಬೆಳಿಗ್ಗೆ ಡೊಂಬಿವಲಿಯಿಂದ ಠಾಣೆಯವರೆಗೆ ನಾನೂ ಅಮ್ಮನೂ ಒಂದೇ ರೈಲಿನಲ್ಲಿ ಹೋಗುತ್ತೇವೆ. ಸೀಟು ಸಿಗುವ ಮಾತೇ ಇಲ್ಲ. ಆದರೆ ಕಲ್ಯಾಣದಿಂದಲೇ ಕೂತು ಬಂದವರು ಇರುತ್ತಾರೆ, ಅವರಲ್ಲಿ ಯಾರಾದರೂ ನಡುವೆ ಇಳಿಯುವವರಿರುತ್ತಾರೆ. ಅದಕ್ಕೊಂದು ಪದ್ಧತಿ ಇದೆ. ಕೂತವಳ ಮುಂದೆ ಹೋಗಿ ನಿಲ್ಲಬೇಕು. ಒಂದು ಕೈ ಮೇಲಿನ ಹಿಡಿಕೆಗೆ, ಇನ್ನೊಂದು ಪರ್ಸಿನ ಮೇಲೆ. ಅವಳ ಮುಖ ನೋಡಬಾರದು. ತಲೆಯ ಮೇಲಿಂದ ಕಿಟಕಿಯಾಚೆ ನೋಡಬೇಕು. ಆಮೇಲೆ, ಎಲ್ಲೋ ನೋಡುತ್ತಿದ್ದವಳಿಗೆ ತಟ್ಟನೆ ನೆನಪಾದಂತೆ, "ಎಲ್ಲಿಯವರೆಗೆ?" ಎಂದು ಕೇಳಬೇಕು, ಯಾವ ಭಾಷೆಯಲ್ಲಾದರೂ ಸರಿ. ಅವಳು ಸ್ಟೇಷನ್ನಿನ ಹೆಸರು ಹೇಳಿದಳೋ, ಮುಗಿಯಿತು. ಆ ಸ್ಟೇಷನ್ ಬಂದಾಗ ಸೀಟು ಕೇಳಿದವಳಿಗೇ. ಅವಳ ತಂಗಿ ಬಂದು ನಿಂತರೂ ಬೇರೆಯವರಿಗೆ ಕೊಡುವಂತಿಲ್ಲ. ಕಿಟಕಿಗಾಗಿ ಕೂದಲು ಹಿಡಿದು ಜಗಳಾಡುವ ಹೆಂಗಸರ ಡಬ್ಬದಲ್ಲೂ ಈ ಮಾತನ್ನು ಮುರಿದವರನ್ನು ನಾನು ಕಂಡಿಲ್ಲ.

ಗಂಡಸರ ಡಬ್ಬದಲ್ಲೂ ಇದೇ ನಿಯಮ ಎಂದು ನನಗೆ ಗೊತ್ತಾದದ್ದು ದೊಡ್ಡಪ್ಪನಿಂದ. ನೆರೂಳಿಗೆ ಹೋಗುವ ಮೊದಲು, ಹೋಟೆಲ್ ಮಾಡುವ ಮೊದಲು, ಅವರು ಡೊಂಬಿವಲಿಯಲ್ಲಿ ಇದ್ದುಕೊಂಡು ಠಾಣೆಯ ಒಂದು ಹೋಟೆಲಿಗೆ ದುಡಿಯಲು ಹೋಗುತ್ತಿದ್ದವರು. ಒಮ್ಮೆ ಅವರು ಸೀಟು ಹಿಡಿದು ಕೂತಿದ್ದಾಗ ಯಾರೋ ಒಬ್ಬ ಕೇಳಿದನಂತೆ, ಇವರು ಠಾಣೆ ಎಂದರಂತೆ. ಮುಂದಿನ ಸ್ಟೇಷನ್ನಿನಲ್ಲಿ ಹತ್ತಿದವರು ದೊಡ್ಡಮ್ಮನ ಅಪ್ಪ, ಠಾಣೆಯಿಂದಾಚೆ ದಾದರಿಗೆ ಹೊರಟವರು. ಠಾಣೆ ಬಂದಾಗ ದೊಡ್ಡಪ್ಪ ಮಾವನಿಗೆ ನಮಸ್ಕಾರ ಮಾಡಿ, ಸೀಟನ್ನು ಕೇಳಿದವನಿಗೇ ಬಿಟ್ಟು ಇಳಿದರಂತೆ. "ರೈಲಲ್ಲಿ ಮಾತು ಅಂದ್ರೆ ಮಾತು" ಎಂದು ಅವರು ಈ ಕಥೆಯನ್ನು ಎದೆಯುಬ್ಬಿಸಿ ಹೇಳುತ್ತಾರೆ. "ನನ್ನಪ್ಪನನ್ನು ದಾದರಿನವರೆಗೆ ನಿಲ್ಲಿಸಿದ ಮಹಾನುಭಾವರು" ಎಂದು ದೊಡ್ಡಮ್ಮ ಅದೇ ಕಥೆಗೆ ತಮ್ಮ ಮಂಗಳ ಹಾಡುತ್ತಾರೆ.

ಕೂಟದ ಭಾನುವಾರ ಮೆಗಾಬ್ಲಾಕ್ ಇತ್ತು, ಹಳಿ ದುರಸ್ತಿಗೆಂದು ಅರ್ಧ ರೈಲು ಬಂದ್. ಅರ್ಧ ಪ್ರೇಕ್ಷಕರು ತಡವಾಗಿ ಬಂದರು, ಬಂದವರೆಲ್ಲ ಮೊದಲು ರೈಲಿಗೆ ಬೈದು ಆಮೇಲೆ ಕೂತರು. ಡೊಂಬಿವಲಿ ಪೂರ್ವದ ಒಂದು ಶಾಲೆಯ ಸಭಾಂಗಣ. ಸಂಜೆ ಅದೇ ಜಾಗದಲ್ಲಿ ಯಾರದೋ ನಿಶ್ಚಿತಾರ್ಥ ಇದ್ದುದರಿಂದ ಹೊತ್ತಿಗೆ ಸರಿಯಾಗಿ ಬಿಟ್ಟುಕೊಡಬೇಕಿತ್ತು. ಬಾಗಿಲು ಕಾಯುವ ಜವಾಬ್ದಾರಿ ಅಪ್ಪನದು. ಪೀಠಕ್ಕೆಂದು ಮುಖ್ಯೋಪಾಧ್ಯಾಯರ ಕೋಣೆಯ ಕೈಗಳಿರುವ ಕುರ್ಚಿಯನ್ನು ಬೇಡಿ ತಂದಿದ್ದರು. ದೊಡ್ಡಪ್ಪ ಅದರ ಮೇಲೆ ತಮ್ಮ ಟವೆಲು ಮಡಚಿ ಹಾಕಿ ಕೂತರು. ಆಗಲೇ ನನಗೆ ಭಯವಾಯಿತು.

ಅಮ್ಮ ಎದುರಿನ ಪ್ಲಾಸ್ಟಿಕ್ ಕುರ್ಚಿಯಲ್ಲಿ, ಮಡಿಲಲ್ಲಿ ಪರ್ಸು ಇಟ್ಟುಕೊಂಡು. ದೊಡ್ಡಮ್ಮ ಮೊದಲ ಸಾಲಿನಲ್ಲಿ. ನಾನು ಕೊನೆಯ ಸಾಲಿನಲ್ಲಿ, ಥರ್ಮಾಸಿನ ಪಕ್ಕ.

ದೊಡ್ಡಪ್ಪನ ಪೀಠಿಕೆ ಶುರುವಾಯಿತು. "ಅರಸು ಎಂದರೆ ಯಾರು? ಒಬ್ಬ ಮನುಷ್ಯ. ಅವನಿಗೂ ನೆಗಡಿಯಾಗುತ್ತದೆ. ನೆಗಡಿಯಾಗುವವನ ಮಾತನ್ನು ಲಕ್ಷ ಜನ ಏಕೆ ಕೇಳಬೇಕು? ಅವನ ತಲೆಯ ಮೇಲೆ ನಾವೊಂದು ಕಿರೀಟ ಇಟ್ಟಿದ್ದೇವೆ, ಅದಕ್ಕಾಗಿ. ಆ ಕಿರೀಟವನ್ನು ತೆಗೆದು ಗೂಟಕ್ಕೆ ನೇತುಹಾಕಿ, ಗೂಟಕ್ಕೂ ಕೈಮುಗಿಯುತ್ತಾರೆ. ಹಾಗಾದರೆ ಆಳುತ್ತಿರುವುದು ಅರಸನೋ? ಅಲ್ಲ. ಕಿರೀಟವನ್ನು ಇಡುವ ವಿಧಿ. ಆ ವಿಧಿಯ ಮನೆ ಇದು. ಅದರ ಬೀಗದ ಕೈ ನಾನು."

ನಾನು ಎರಡು ವರ್ಷ ವಿಶ್ವವಿದ್ಯಾಲಯದಲ್ಲಿ ಕೂತು ಅರ್ಥಮಾಡಿಕೊಂಡದ್ದನ್ನು ಅವರು ಒಂದು ಗೂಟಕ್ಕೆ ನೇತುಹಾಕಿದ್ದರು. ಸಭೆ ತಲೆದೂಗಿತು. ನಾನೂ ತೂಗಿದೆ, ಆಮೇಲೆ ಅಮ್ಮನ ನೆನಪಾಗಿ ನಿಲ್ಲಿಸಿದೆ.

ಅಮ್ಮ ಚೆನ್ನಾಗಿಯೇ ಆರಂಭಿಸಿದಳು. "ಆಚಾರ್ಯರೇ, ನಾನು ಉಪ್ಪು ಮಾರುವವಳು. ನಿಮ್ಮ ಗೆರೆ ನನ್ನ ಮನೆಗೂ ಸಂತೆಗೂ ನಡುವೆ ಬಿದ್ದಿದೆ. ಅದನ್ನು ದಾಟಿದೊಡನೆ ನಾನು ಬಂದದ್ದೇಕೆಂದು ಮರೆಯುತ್ತೇನೆ. ಮೂಟೆ ಹೊತ್ತು ಹಾಗೆಯೇ ಮರಳುತ್ತೇನೆ."

"ಮರೆವು ಶತ್ರುಗಳಿಗೆ ಮಾತ್ರ ವಿಧಿಸಿದ್ದು, ತಾಯೀ."

"ನಾನು ಶತ್ರುವಲ್ಲವೆಂದು ಗೆರೆಗೆ ಹೇಗೆ ತಿಳಿಯಬೇಕು?"

"ಗೆರೆಗೆ ತಿಳಿಯಬೇಕಿಲ್ಲ. ನಮಗೆ ತಿಳಿದರೆ ಸಾಕು. ನೀನು ಮರೆತೆ, ಆದ್ದರಿಂದ ನೀನು ಶತ್ರು."

ಚಪ್ಪಾಳೆ ಬಿತ್ತು. ಅಮ್ಮ ತಡಬಡಾಯಿಸಲಿಲ್ಲ. "ಹಾಗಾದರೆ ಇಲ್ಲಿಗೆ ಬಂದದ್ದು ಏಕೆಂದು ನನಗೆ ನೆನಪಿದೆಯಲ್ಲ? ನಿಮ್ಮ ಗೆರೆ ಸುಳ್ಳೆಂದಾಯಿತು."

"ಗೆರೆ ಇಲ್ಲದ ದಾರಿಯಿಂದ ಬಂದಿರಬೇಕು. ಯಾವ ದಾರಿ ಹೇಳು. ನಾಳೆ ಅಲ್ಲಿಯೂ ಒಂದು ಎಳೆಸುತ್ತೇನೆ."

ಹೀಗೆ ನಡೆಯಿತು. ಅಮ್ಮ ಚಪಾತಿಯ ಜೊತೆ ಲಟ್ಟಿಸಿಕೊಂಡಿದ್ದ ಪ್ರಶ್ನೆಗಳನ್ನೆಲ್ಲ ಒಂದೊಂದಾಗಿ ಕೇಳಿದಳು. ದೊಡ್ಡಪ್ಪ ಒಂದೊಂದನ್ನೂ ಅವಳ ಕಡೆಗೇ ತಿರುಗಿಸಿ ಕೊಟ್ಟರು. ಉಪ್ಪಿನ ಮೂಟೆ ಮಳೆಗೆ ಕರಗಿದರೆ ಅದು ಮೂಟೆಯ ತಪ್ಪು, ಊರಿಗೆ ಬಿಕ್ಕಳಿಕೆ ಬಂದರೆ ಅದು ನೀರು ಕುಡಿಯದವರ ತಪ್ಪು. ಕಡೆಗೆ ಭಾಗವತರು ಗಡಿಯಾರ ನೋಡಿ, ಕಥೆಯ ಪ್ರಕಾರ ಆಚಾರ್ಯರು ಸೋಲುವ ಪದ್ಯವನ್ನು ಎತ್ತಿಕೊಂಡರು. 'ಎದ್ದನಾಚಾರ್ಯನು ಪೀಠವ ಬಿಟ್ಟು' ಎಂದು ಅದರ ಮೊದಲ ಸಾಲು. ಪದ್ಯ ಹೇಳಿದ ಮೇಲೆ ಅರ್ಥಧಾರಿ ಅದನ್ನು ಮೀರುವಂತಿಲ್ಲ.

ದೊಡ್ಡಪ್ಪ ಕಣ್ಣುಮುಚ್ಚಿ ಪೂರ್ತಿ ಕೇಳಿದರು. "ಹೌದು, ಎದ್ದೆ. ಈ ಹೆಣ್ಣಿನ ಮಾತು ಕೇಳುತ್ತಾ ಹತ್ತಿದ ಜೋಂಪಿನಿಂದ ಈಗಷ್ಟೇ ಎದ್ದೆ" ಎಂದು ಕುರ್ಚಿಯಲ್ಲಿ ಇನ್ನೂ ಹಿಂದಕ್ಕೆ ಸರಿದರು.

ಭಾಗವತರು ಎರಡನೆಯ ಸಲ ಹಾಡಿದರು, 'ಪೀಠವ ಬಿಟ್ಟು' ಎಂಬಲ್ಲಿ ಎಳೆದು.

"ಪೀಠವನ್ನು ಬಿಟ್ಟು ಬೇರೆ ಯಾವುದರ ಮೇಲೂ ನನಗೆ ಮೋಹವಿಲ್ಲ."

ಮದ್ದಳೆಯವರು ನಗು ತಡೆಯಲಾರದೆ ತಾಳ ತಪ್ಪಿದರು. ಬಾಗಿಲಲ್ಲಿ ನಿಶ್ಚಿತಾರ್ಥದವರು ಚೆಂಡುಹೂವಿನ ಮಾಲೆಗಳ ರಾಶಿ ಹೊತ್ತು ಬಂದು ನಿಂತಿದ್ದರು. ಅಪ್ಪ ಎರಡೂ ಕೈ ಅಗಲಿಸಿ "ಪಾಚ್ ಮಿನಿಟ್, ಪಾಚ್ ಮಿನಿಟ್" ಎಂದು ಮರಾಠಿಯಲ್ಲಿ ಗೋಗರೆಯುತ್ತಿದ್ದರು. ಭಾಗವತರು ಮೂರನೆಯ ಸಲ ಹಾಡಲು ಉಸಿರು ಎಳೆದುಕೊಂಡು, ಸುಮ್ಮನೆ ಬಿಟ್ಟರು.

ಅಮ್ಮ ಆಗ ಹಿಂದಕ್ಕೆ ತಿರುಗಿ ನೋಡಿದಳು. ನನ್ನನ್ನಲ್ಲ, ನನ್ನ ಪಕ್ಕದ ಥರ್ಮಾಸನ್ನು. ಇನ್ನು ಅವಳು ಬಂದು ಲೋಟ ಜೋಡಿಸುತ್ತಾಳೆ, ಮತ್ತೆಂದೂ ಕೇಳುವುದಿಲ್ಲ ಎಂದುಕೊಂಡೆ.

ಅವಳು ಎದ್ದಳು. ತಾಳಮದ್ದಳೆಯಲ್ಲಿ ಯಾರೂ ನಡುವೆ ಏಳುವುದಿಲ್ಲ. ಸಭೆಯಲ್ಲಿ ಗುಸುಗುಸು ಆಯಿತು. ಅವಳು ಹಿಂದಕ್ಕೆ ಬರಲಿಲ್ಲ. ನಾಲ್ಕು ಹೆಜ್ಜೆ ಮುಂದೆ ಹೋಗಿ ದೊಡ್ಡಪ್ಪನ ಕುರ್ಚಿಯ ಮುಂದೆ ನಿಂತಳು, ಬಹಳ ಹತ್ತಿರ. ಎಡಗೈ ಪರ್ಸಿನ ಮೇಲೆ. ಬಲಗೈಯನ್ನು ಮೇಲಕ್ಕೆತ್ತಿ, ಅಲ್ಲಿ ಇಲ್ಲದ ಹಿಡಿಕೆಯನ್ನು ಹಿಡಿದಳು. ಮೈಯನ್ನು ಸ್ವಲ್ಪವೇ ತೂಗಿದಳು. ದೊಡ್ಡಪ್ಪನ ತಲೆಯ ಮೇಲಿಂದ, ಗೋಡೆಯಲ್ಲಿ ಇಲ್ಲದ ಕಿಟಕಿಯಾಚೆ ಎಲ್ಲೋ ನೋಡುತ್ತಾ, ತಟ್ಟನೆ ನೆನಪಾದವಳಂತೆ ಕೇಳಿದಳು:

"ಎಲ್ಲಿಯವರೆಗೆ?"

"ಠಾಣೆ" ಎಂದರು ದೊಡ್ಡಪ್ಪ.

ಐವತ್ತಾರು ದೇಶಗಳ ಆಚಾರ್ಯರ ಬಾಯಿಂದ ಆ ಹೆಸರು ಬಂದದ್ದು ಅವರಿಗೂ ಒಂದು ಗಳಿಗೆ ತಿಳಿಯಲಿಲ್ಲ. ಸಭೆಗೆ ತಿಳಿಯಿತು. ಅಲ್ಲಿದ್ದ ಒಬ್ಬೊಬ್ಬರೂ ಅಂದು ಬೆಳಿಗ್ಗೆಯೋ ಹಿಂದಿನ ದಿನವೋ ಆ ಪ್ರಶ್ನೆಯನ್ನು ಕೇಳಿದವರು ಅಥವಾ ಕೇಳಿಸಿಕೊಂಡವರು. ಮೊದಲು ಬಂದದ್ದು ದೊಡ್ಡಮ್ಮನ ಧ್ವನಿ.

"ಹಾಗಾದ್ರೆ ಏಳಿ ಮಾರಾಯ್ರೇ! ಕಳವಾ ದಾಟಿತು, ಮುಂದಿನದ್ದೇ ಠಾಣೆ, ಇನ್ನೂ ಕೂತಿದ್ದೀರಿ!"

"ಕೇಳಿದವರಿಗೇ ಸೀಟು!" ಎಂದು ಗಂಡಸರ ಸಾಲಿನಿಂದ ಯಾರೋ ಕೂಗಿದರು.

"ಬಾಗಿಲ ಹತ್ರ ಬನ್ನಿ ಆಚಾರ್ಯರೇ, ಆಮೇಲೆ ಇಳೀಲಿಕ್ಕೆ ಆಗೂದಿಲ್ಲ!"

ನಗು ಹೊರಗಿನ ಓಣಿಗೂ ಕೇಳಿಸಿರಬೇಕು. ಹೂವು ಹೊತ್ತವರಿಗೆ ಕನ್ನಡ ಬಾರದಿದ್ದರೂ ಅಮ್ಮ ನಿಂತ ಭಂಗಿ ನೋಡಿಯೇ ವಿಷಯ ಗೊತ್ತಾಗಿ, ಅವರೂ ಮಾಲೆಗಳ ಮರೆಯಲ್ಲಿ ನಗುತ್ತಿದ್ದರು. ಅಮ್ಮ ಮಾತ್ರ ನಗಲಿಲ್ಲ, ಕೈ ಇಳಿಸಲಿಲ್ಲ, ದೊಡ್ಡಪ್ಪನ ಮುಖ ನೋಡಲಿಲ್ಲ. ಕಿಟಕಿಯಾಚೆಗೇ ನೋಡುತ್ತಿದ್ದಳು. ಪದ್ಧತಿ ಹಾಗಿದೆ.

ದೊಡ್ಡಪ್ಪ ಮೊದಲ ಸಾಲಿನ ದೊಡ್ಡಮ್ಮನನ್ನು ನೋಡಿದರು. ದೊಡ್ಡಮ್ಮ ದಾದರಿನವರೆಗೆ ನಿಂತವರ ಮಗಳಾಗಿ ಅವರನ್ನೇ ನೋಡುತ್ತಿದ್ದರು. ಅವರು ಎರಡೂ ಕೈಗಳನ್ನು ಕುರ್ಚಿಯ ಕೈಗಳ ಮೇಲೆ ಊರಿ ಎದ್ದರು. ಟವೆಲನ್ನು ಎತ್ತಿ ಹೆಗಲಿಗೆ ಹಾಕಿಕೊಂಡು ಪಕ್ಕಕ್ಕೆ ಸರಿದರು. ಅಷ್ಟು ಜೋರಾದ ಸಿಳ್ಳು ಆ ಶಾಲೆಯಲ್ಲಿ ಮಕ್ಕಳೂ ಹೊಡೆದಿರಲಾರರು.

ಅವರು ಕೈಯೆತ್ತಿದರು. ಸಭೆ ಸುಮ್ಮನಾಯಿತು.

"ಉಪ್ಪಿನವಳೇ," ಎಂದರು, ಪೂರ್ತಿ ಆಚಾರ್ಯರ ಧ್ವನಿಯಲ್ಲಿ, "ನೀನು ನನ್ನನ್ನು ವಾದದಿಂದ ಎಬ್ಬಿಸಿದೆಯೋ? ಇಲ್ಲ. ಒಂದು ಕೈ ಎತ್ತಿದೆ, ಒಂದು ಕೈ ಕಟ್ಟಿದೆ, ದೃಷ್ಟಿಯನ್ನು ಶೂನ್ಯದಲ್ಲಿ ನಿಲ್ಲಿಸಿದೆ, ಒಂದು ಮಂತ್ರ ನುಡಿದೆ. ಐವತ್ತಾರು ದೇಶಗಳ ಗುರು ಎದ್ದ. ಇದು ವಿಧಿಯಲ್ಲದೆ ಮತ್ತೇನು? ನಮ್ಮ ಗುರುಕುಲದಲ್ಲಿ ಇಲ್ಲದ ವಿಧಿ, ನಮಗಿಂತ ದೊಡ್ಡ ವಿಧಿ. ಆದ್ದರಿಂದ ಕ್ರಿಯಾಪೀಠ ಮುಚ್ಚುವುದಿಲ್ಲ. ಪೀಠ ಮಾತ್ರ ಇನ್ನು ನಿನ್ನದು. ಕೂರು."

ನನ್ನ ಕಥೆ ಅಲ್ಲಿಗೆ ಮುಗಿಯಿತು, ಅಂದರೆ ಕೆಟ್ಟಿತು. ಗುರುಕುಲ ಮುಚ್ಚುವ ಪದ್ಯವನ್ನು ಭಾಗವತರು ಬಹಳ ಕಷ್ಟಪಟ್ಟು ಕಟ್ಟಿದ್ದರು. ಅವರು ನನ್ನ ಕಡೆ ನೋಡಿದರು, ನಾನು ಕೈ ಅಲ್ಲಾಡಿಸಿದೆ. ಅವರು ಪದ್ಯ ಬಿಟ್ಟು ನೇರ ಮಂಗಳಕ್ಕೆ ಬಂದರು. ವಿಧಿಗಳಿಂದ ದೇಶ ನಡೆಯುವುದಿಲ್ಲ ಎಂದು ತೋರಿಸಲು ನಾನು ಹೊರಟಿದ್ದೆ.

ಅಮ್ಮ ಕೂತಳು. ಸೆರಗು ಸರಿಮಾಡಿಕೊಂಡಳು, ಪರ್ಸನ್ನು ಮಡಿಲಿಗೆ ಇಟ್ಟುಕೊಂಡಳು. ಮಂಗಳ ಮುಗಿದ ಮೇಲೂ ಜನ ಅವಳನ್ನೇ ನೋಡುತ್ತಿದ್ದುದರಿಂದ ಏನಾದರೂ ಹೇಳಲೇಬೇಕಾಯಿತು. ಗ್ರಂಥದ ಕನ್ನಡ ಅಷ್ಟು ಹೊತ್ತಿಗೆ ಮುಗಿದುಹೋಗಿತ್ತು.

"ಯಾರೂ ಹಂಗ ಹೋಗಬ್ಯಾಡ್ರಿ. ಚಹಾ ಅದ, ಉಪ್ಪಿಟ್ಟು ಅದ. ಇವತ್ತು ಭಾವಾರು ಕೊಡ್ತಾರ."

ದೊಡ್ಡಪ್ಪ ಹಿಂದಕ್ಕೆ ಬಂದು ನನ್ನ ಕೈಯಿಂದ ಥರ್ಮಾಸು ತೆಗೆದುಕೊಂಡರು. ಮೊದಲ ಲೋಟ ತುಂಬಿಸಿ, ಯಾರಿಗೂ ಕೊಡದೆ, ಹೂವಿನವರ ನಡುವೆ ದಾರಿ ಮಾಡಿಕೊಂಡು ಹೊರಗೆ ಹೋಗಿ ಮೆಟ್ಟಿಲ ಕೆಳಗಿನ ನೆಲಕ್ಕೆ ಚೆಲ್ಲಿ ಬಂದರು. ಆಮೇಲೆ ಹಂಚಲು ಶುರುಮಾಡಿದರು. ಹೆಗಲಲ್ಲಿ ಟವೆಲು, ಕೈಯಲ್ಲಿ ಟ್ರೇ, ಬೆರಳ ಸಂದಿಯಲ್ಲಿ ನಾಲ್ಕು ಲೋಟ. ನಿಶ್ಚಿತಾರ್ಥದ ಹುಡುಗಿಯ ಕಡೆಯ ಹಿರಿಯರೊಬ್ಬರು ಅವರನ್ನು ತಮ್ಮ ಕೇಟರರ್ ಎಂದೇ ತಿಳಿದು, ಹುಡುಗನ ಕಡೆಯವರು ಬಂದಾಗ ಚಹಾ ಇಷ್ಟೇ ಗಟ್ಟಿಯಾಗಿರಲಿ ಎಂದು ಮರಾಠಿಯಲ್ಲಿ ಹೇಳಿದರು. ದೊಡ್ಡಪ್ಪ ಆಗಲಿ ಎಂದರು.

ಅಲಂಕಾರದವರು ಗೋಡೆಗೆ ಮಾಲೆ ಕಟ್ಟುತ್ತಿದ್ದರು. ಅಮ್ಮ ಇನ್ನೂ ಆ ಕುರ್ಚಿಯಲ್ಲೇ ಇದ್ದಳು. ದೊಡ್ಡಪ್ಪ ಕೊನೆಯ ಲೋಟವನ್ನು ಅವಳ ಕೈಗೆ ಕೊಟ್ಟರು.

"ಮಾತು ಅಂದ್ರೆ ಮಾತು. ಮುಂದಿನ ಕೂಟಕ್ಕೆ ಎಂತ ಅರ್ಥ ಬೇಕು, ಹೇಳು."

ಅಮ್ಮ ಒಂದು ಗುಟುಕು ಕುಡಿದಳು. "ದೂತಂದ ಕೊಡ್ರಿ."

"ದೂತ?"

"ಹೂಂನ್ರಿ. ಆದ್ರ ರಾಜ ನೀವ ಆಗಬೇಕು."

ದೊಡ್ಡಪ್ಪ ಖಾಲಿ ಟ್ರೇಯನ್ನು ಕಂಕುಳಿಗೆ ಸಿಕ್ಕಿಸಿಕೊಂಡರು. ಆಮೇಲೆ, "ಸಕ್ಕರೆ ಸರಿ ಉಂಟಾ?" ಎಂದು ಕೇಳಿದರು.